‘ಶೀನ್’: ಚೆಲುವಿನಿಂದ ಹೊಳಪಿಗೆ ಸರಿದ ಒಂದು ಇಂಗ್ಲಿಷ್ ಗುಣವಾಚಕದ ಅರ್ಥವಿಚಾರ

ಇಂದಿನ ಇಂಗ್ಲಿಷಿನಲ್ಲಿ ‘ಶೀನ್’ ಎಂಬುದು ನಾಮಪದ. ರೇಷ್ಮೆಯ ಮೇಲಿನ ನವಿರಾದ ಹೊಳಪು, ಎಣ್ಣೆ ಹಚ್ಚಿ ಬಾಚಿದ ಕೂದಲಿನ ಮಿರುಗು, ಬಣ್ಣ ಬಳಿದ ಗೋಡೆಯನ್ನು ಓರೆಯಾಗಿ ನೋಡಿದಾಗ ಕಾಣುವ ಮಂದಕಾಂತಿ ಮೊದಲಾದವುಗಳನ್ನು ಹೇಳಲು ಅದು ಬಳಕೆಯಾಗುತ್ತದೆ. ಆದರೆ ದೊಡ್ಡ ನಿಘಂಟುಗಳಲ್ಲಿ ಇದೇ ಪದಕ್ಕೆ ಇನ್ನೊಂದು ದಾಖಲೆಯೂ ಇರುತ್ತದೆ. ಅಲ್ಲಿ ಅದು ಗುಣವಾಚಕ. ಅದರ ಪಕ್ಕದಲ್ಲಿ ಬಳಕೆ ತಪ್ಪಿದ ಪದವೆಂಬ, ಇಲ್ಲವೇ ಕಾವ್ಯದಲ್ಲಿ ಮಾತ್ರ ಉಳಿದ ಪದವೆಂಬ ಗುರುತು. ಕೊಡುವ ಅರ್ಥಗಳು ಸಾಮಾನ್ಯವಾಗಿ ಎರಡು: ‘ಹೊಳೆಯುವ’ ಮತ್ತು ‘ಚೆಲುವಾದ’. ಈ ಎರಡನ್ನು ನಡುವೆ ಒಂದು ಅಲ್ಪವಿರಾಮವಿಟ್ಟು ಒಟ್ಟಿಗೆ ಕೊಟ್ಟುಬಿಡುವುದು ನಿಘಂಟಿಗೆ ಸುಲಭ. ಹಳೆಯ ಕೃತಿಯೊಂದರ ಸಾಲನ್ನು ಮುಂದಿಟ್ಟುಕೊಂಡವನಿಗೆ ಅಷ್ಟು ಸಾಲದು. ಸಾವಿರ ವರ್ಷಗಳ ಹಿಂದಿನ ಕವಿ ಒಬ್ಬ ಹೆಣ್ಣನ್ನು ಈ ಪದದಿಂದ ವರ್ಣಿಸಿದ್ದರೆ ಅವನು ಅವಳ ರೂಪವನ್ನು ಹೊಗಳಿದನೋ ಅಥವಾ ಅವಳ ಸುತ್ತ ಬೆಳಕನ್ನು ಕಂಡನೋ ಎಂಬುದು ಬೇರೆ ಬೇರೆ ಮಾತು. ಈ ಎರಡು ಅರ್ಥಗಳಲ್ಲಿ ಯಾವುದು ಮೊದಲಿನದು, ಮತ್ತೊಂದು ಹೇಗೆ ಬಂದು ಸೇರಿತು, ಕೊನೆಗೆ ಮೊದಲಿನದನ್ನು ಹೇಗೆ ಹೊರದೂಡಿತು ಎಂಬುದನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

‘ಶೀನ್’ ಎಂಬ ಪದವನ್ನು ಕೇಳಿದ ಕೂಡಲೇ ‘ಶೈನ್’, ಅಂದರೆ ‘ಹೊಳೆ’ ಎಂಬ ಕ್ರಿಯಾಪದ, ನೆನಪಿಗೆ ಬರುವುದು ಸಹಜ. ಎರಡರ ಧ್ವನಿಯೂ ಹತ್ತಿರ, ಅರ್ಥವೂ ಹತ್ತಿರ. ಒಂದು ಮತ್ತೊಂದರಿಂದ ಹುಟ್ಟಿರಬೇಕೆಂದು ಇಂಗ್ಲಿಷ್ ಮಾತೃಭಾಷೆಯವರೂ ನಂಬುತ್ತಾರೆ. ವಾಸ್ತವದಲ್ಲಿ ಇವೆರಡೂ ಬೇರೆ ಬೇರೆ ಧಾತುಗಳಿಂದ ಬಂದ ಪದಗಳು. ‘ಶೈನ್’ ಎಂಬುದರ ಹಳೆಯ ಇಂಗ್ಲಿಷ್ ರೂಪ ‘ಶೀನನ್’. ಅದರ ಮೂಲದಲ್ಲಿ ಬೆಳಗುವ, ಮಿನುಗುವ ಅರ್ಥವೇ ಇದೆ. ‘ಶೀನ್’ ಎಂಬ ಗುಣವಾಚಕದ ಹಳೆಯ ಇಂಗ್ಲಿಷ್ ರೂಪಗಳು ಪಶ್ಚಿಮ ಸ್ಯಾಕ್ಸನ್ ಉಪಭಾಷೆಯಲ್ಲಿ ‘ಶಿಯೆನೆ’, ಉತ್ತರದ ಮತ್ತು ಕೆಂಟ್ ಪ್ರಾಂತದ ಉಪಭಾಷೆಗಳಲ್ಲಿ ‘ಶೇನೆ’. ಇದರ ಜ್ಞಾತಿಪದಗಳು ಜರ್ಮಾನಿಕ್ ಭಾಷೆಗಳಲ್ಲೆಲ್ಲ ಹರಡಿವೆ: ಗಾಥಿಕ್ ಭಾಷೆಯ ‘ಸ್ಕೌನ್ಸ್’, ಹಳೆಯ ಸ್ಯಾಕ್ಸನ್ನಿನ ‘ಸ್ಕೋನಿ’, ಇಂದಿನ ಜರ್ಮನಿನ ‘ಶ್ಯೋನ್’, ಡಚ್ಚಿನ ‘ಸ್ಖೋನ್’. ಇವುಗಳಲ್ಲಿ ಯಾವುದರ ಮುಖ್ಯಾರ್ಥವೂ ಬೆಳಕಲ್ಲ. ಗಾಥಿಕ್ಕಿನಲ್ಲಿ ಇದಕ್ಕೆ ‘ಸುರೂಪದ’ ಎಂದು ಅರ್ಥ, ಜರ್ಮನಿನಲ್ಲಿ ‘ಸುಂದರ’, ಡಚ್ಚಿನಲ್ಲಿ ‘ಸುಂದರ’ ಎಂಬುದರ ಜೊತೆಗೆ ‘ಶುಚಿಯಾದ’ ಎಂಬ ಅರ್ಥವೂ ಬೆಳೆದಿದೆ. ಜರ್ಮನಿನಲ್ಲಿ ‘ಆಗಲೇ’ ಎಂಬ ಅರ್ಥದ ‘ಶೋನ್’ ಎಂಬ ಅವ್ಯಯವೂ ಮೂಲತಃ ಈ ಪದದ ಕ್ರಿಯಾವಿಶೇಷಣರೂಪವೇ. ‘ಚೆನ್ನಾಗಿ, ಸರಿಯಾಗಿ’ ಎಂಬ ಅರ್ಥದಿಂದ ಅದು ಅಲ್ಲಿಗೆ ಬಂದು ನಿಂತಿದೆ.

ಈ ಪದಗಳೆಲ್ಲದರ ಹಿಂದಿರುವ ಧಾತು ನೋಡುವುದಕ್ಕೆ ಸಂಬಂಧಿಸಿದ್ದು. ಹಳೆಯ ಇಂಗ್ಲಿಷಿನ ‘ಶೇಅವಿಯನ್’ ಎಂಬ ಕ್ರಿಯಾಪದಕ್ಕೆ ‘ನೋಡು’ ಎಂದು ಅರ್ಥವಿತ್ತು. ಜರ್ಮನಿನ ‘ಶೌವೆನ್’ ಇಂದಿಗೂ ಅದೇ ಅರ್ಥವನ್ನು ಉಳಿಸಿಕೊಂಡಿದೆ. ಇಂಗ್ಲಿಷಿನಲ್ಲಿ ಮಾತ್ರ ಅದು ಮಧ್ಯಯುಗದಲ್ಲಿ ‘ನೋಡು’ ಎಂಬುದರಿಂದ ‘ನೋಡುವಂತೆ ಮಾಡು, ತೋರಿಸು’ ಎಂಬುದಕ್ಕೆ ತಿರುಗಿ, ಇಂದಿನ ‘ಶೋ’ ಆಯಿತು. ಹೀಗಾಗಿ ‘ಶೀನ್’ ಎಂಬ ಗುಣವಾಚಕದ ಅಕ್ಷರಶಃ ಅರ್ಥ ‘ನೋಡತಕ್ಕದ್ದು, ನೋಡಲು ಯೋಗ್ಯವಾದದ್ದು’. ಸಂಸ್ಕೃತದ ‘ದರ್ಶನೀಯ’ ಶಬ್ದ ಇದಕ್ಕೆ ಅತ್ಯಂತ ಸಮೀಪದ ಪರ್ಯಾಯ. ಸಂಬಂಧ ಇಲ್ಲಿಗೇ ನಿಲ್ಲುವುದಿಲ್ಲ. ಇಂಡೋ-ಯುರೋಪಿಯನ್ ಭಾಷೆಗಳ ವ್ಯುತ್ಪತ್ತಿಕಾರರು ಈ ಜರ್ಮಾನಿಕ್ ಪದಗಳನ್ನು ‘ಗ್ರಹಿಸು, ಗಮನಿಸು’ ಎಂಬ ಅರ್ಥದ ಧಾತುವಿಗೆ ಒಯ್ಯುತ್ತಾರೆ. ಲ್ಯಾಟಿನಿನಲ್ಲಿ ‘ಎಚ್ಚರದಿಂದಿರು’ ಎಂಬ ಅರ್ಥದ ‘ಕಾವೆಯೊ’, ಗ್ರೀಕಿನಲ್ಲಿ ‘ಗಮನಿಸು’ ಎಂಬ ಅರ್ಥದ ‘ಕೊಯೆಯೊ’ ಎಂಬ ಕ್ರಿಯಾಪದಗಳು ಅದರಿಂದ ಬಂದವು. ಸಂಸ್ಕೃತದಲ್ಲಿ ಅದೇ ಧಾತುವಿನ ಕುಡಿ ‘ಕವಿ’. ವೇದಗಳಲ್ಲಿ ‘ಕವಿ’ ಎಂದರೆ ಪದ್ಯ ಕಟ್ಟುವವನು ಎಂಬುದಕ್ಕಿಂತ ಮೊದಲು ಕಾಣುವವನು, ಕ್ರಾಂತದರ್ಶಿ. ಒಂದೇ ಮೂಲದಿಂದ ಭಾರತದಲ್ಲಿ ನೋಡುವವನಿಗೂ ಇಂಗ್ಲೆಂಡಿನಲ್ಲಿ ನೋಡಬೇಕಾದುದಕ್ಕೂ ಹೆಸರು ಬಂದಿತೆಂಬುದು ಕನ್ನಡ ಓದುಗರಿಗೆ ಕುತೂಹಲದ ವಿಷಯ. ಇದನ್ನು ಕಾವ್ಯಮಯವಾಗಿ ಹಿಗ್ಗಿಸಬೇಕಾದ ಅಗತ್ಯವಿಲ್ಲ. ಆ ಇಂಗ್ಲಿಷ್ ಪದದ ಬುಡದಲ್ಲಿರುವುದು ಬೆಳಕಲ್ಲ, ಕಣ್ಣು ಎಂಬಷ್ಟನ್ನು ಇದರಿಂದ ಖಚಿತಪಡಿಸಿಕೊಂಡರೆ ಸಾಕು.

ಹಳೆಯ ಇಂಗ್ಲಿಷ್ ಕಾವ್ಯದಲ್ಲಿ ಈ ಗುಣವಾಚಕದ ಪ್ರಯೋಗಗಳನ್ನು ನೋಡಿದರೆ ಇದು ಸ್ಪಷ್ಟವಾಗುತ್ತದೆ. ‘ಬೇವುಲ್ಫ್’ ಮಹಾಕಾವ್ಯದ ಕೊನೆಯ ಭಾಗದಲ್ಲಿ, ನಾಯಕ ಸತ್ತ ಸುದ್ದಿಯನ್ನು ತಂದ ದೂತ ಮುಂದೆ ಬರಲಿರುವ ಕೇಡುಗಾಲವನ್ನು ವರ್ಣಿಸುತ್ತ, ಇನ್ನು ಯಾವ ಚೆಲುವೆಯೂ ಕೊರಳಲ್ಲಿ ಕಂಠಾಭರಣ ಧರಿಸಲಾರಳು ಎನ್ನುತ್ತಾನೆ. ಅಲ್ಲಿ ಕನ್ಯೆಗೆ ಬಳಸಿರುವ ವಿಶೇಷಣ ಇದೇ. ಆಭರಣದ ಹೊಳಪು ಪಕ್ಕದಲ್ಲೇ ಇದ್ದರೂ ವಿಶೇಷಣ ಅಂಟಿಕೊಂಡಿರುವುದು ಹೆಣ್ಣಿಗೆ, ಒಡವೆಗಲ್ಲ.

ಇದಕ್ಕಿಂತ ಹೆಚ್ಚು ಅಭ್ಯಾಸಯೋಗ್ಯವಾದ ನಿದರ್ಶನ ‘ಜೆನೆಸಿಸ್’ ಕಾವ್ಯದ್ದು. ಆಕ್ಸ್‌ಫರ್ಡಿನ ಬೋಡ್ಲಿಯನ್ ಗ್ರಂಥಾಲಯದಲ್ಲಿರುವ ‘ಜೂನಿಯಸ್ 11’ ಎಂಬ ಹಸ್ತಪ್ರತಿಯಲ್ಲಿ ದೊರೆಯುವ ಈ ಕಾವ್ಯದ ನಡುವೆ ಬೇರೆ ಶೈಲಿಯ ಒಂದು ಭಾಗ ಸೇರಿಕೊಂಡಿದೆ. ಅದು ಹಳೆಯ ಸ್ಯಾಕ್ಸನ್ ಭಾಷೆಯಿಂದ ಇಂಗ್ಲಿಷಿಗೆ ಬಂದ ಅನುವಾದವಾಗಿರಬೇಕೆಂದು ಜರ್ಮನ್ ವಿದ್ವಾಂಸ ಎಡ್ವರ್ಡ್ ಸೀವರ್ಸ್ 1875ರಲ್ಲಿ ಛಂದಸ್ಸು ಮತ್ತು ಶಬ್ದರೂಪಗಳ ಆಧಾರದಿಂದಲೇ ತರ್ಕಿಸಿದರು. 1894ರಲ್ಲಿ ವ್ಯಾಟಿಕನ್ ಗ್ರಂಥಾಲಯದಲ್ಲಿ ಮೂಲದ ತುಣುಕುಗಳು ಸಿಕ್ಕಿ ಅವರ ಊಹೆ ನಿಜವಾಯಿತು. ಪಠ್ಯಸಂಶೋಧನೆಯ ಚರಿತ್ರೆಯಲ್ಲಿ ಇಂತಹ ಗೆಲುವು ಅಪರೂಪ. ‘ಜೆನೆಸಿಸ್ ಬಿ’ ಎಂದು ಕರೆಯಲಾಗುವ ಈ ಭಾಗದಲ್ಲಿ ನಮ್ಮ ಗುಣವಾಚಕ ಮತ್ತೆ ಮತ್ತೆ ಬರುತ್ತದೆ. ಮೂಲದ ‘ಸ್ಕೋನಿ’ ಎಂಬ ಪದದ ಪ್ರಭಾವವೂ ಅದಕ್ಕೆ ಕಾರಣವಾಗಿರಬಹುದು. ಗಮನಿಸಬೇಕಾದದ್ದು ಅದು ಯಾರಿಗೆಲ್ಲ ಅನ್ವಯಿಸುತ್ತದೆ ಎಂಬುದನ್ನು. ಸ್ವರ್ಗದಿಂದ ಬೀಳುವುದಕ್ಕೆ ಮುಂಚೆ ದೇವದೂತರಲ್ಲೆಲ್ಲ ಅತಿಶಯನಾಗಿದ್ದ ಸೈತಾನನಿಗೆ ಈ ಪದದ ತಮಪ್ರತ್ಯಯಾಂತ ರೂಪ ಬಳಕೆಯಾಗಿದೆ. ಹೆಂಗಸರಲ್ಲೆಲ್ಲ ಅತಿಶಯಳಾದ ಈವಳಿಗೂ ಅದೇ ರೂಪ. ಈವಳನ್ನು ವಂಚಿಸಲು ದೇವರ ದೂತನ ಸೋಗಿನಲ್ಲಿ ಬಂದವನನ್ನು ಆಕೆ ತನ್ನ ಗಂಡನ ಮುಂದೆ ಹೊಗಳುವಾಗಲೂ ಇದೇ ಪದ.

ಮೂರು ಕಡೆಯೂ ‘ಹೊಳೆಯುವ’ ಎಂದು ಅನುವಾದಿಸುವ ಆಸೆ ಅನುವಾದಕರಿಗೆ ಬಲವಾಗಿಯೇ ಇರುತ್ತದೆ. ಲೂಸಿಫರ್ ಎಂಬ ಲ್ಯಾಟಿನ್ ಹೆಸರಿಗೇ ‘ಬೆಳಕನ್ನು ಹೊತ್ತವನು’ ಎಂಬ ಅರ್ಥವಿರುವುದರಿಂದ ಬಿದ್ದ ದೇವದೂತನನ್ನು ‘ಎಲ್ಲರಿಗಿಂತ ಪ್ರಕಾಶಮಾನ’ ಎನ್ನುವುದು ಸೊಗಸಾಗಿ ಕೇಳಿಸುತ್ತದೆ. ಆದರೆ ಕವಿ ಅವನನ್ನು ನಕ್ಷತ್ರಗಳಿಗೆ ಹೋಲಿಸುವಾಗ ಬೆಳಕಿಗೆ ಬೇರೆಯೇ ಪದವನ್ನು ಬಳಸಿದ್ದಾನೆ. ಆ ಕಾಲದ ಇಂಗ್ಲಿಷಿನಲ್ಲಿ ಬೆಳಕನ್ನು ಹೇಳುವ ಗುಣವಾಚಕಗಳಿಗೆ ಬರವಿರಲಿಲ್ಲ. ‘ಬೆಯೊರ್ಹ್ಟ್’, ‘ಟೊರ್ಹ್ಟ್’, ‘ಶೀರ್’, ‘ಲೆಯೊಹ್ಟ್’ ಎಂದು ಹಲವು ಇದ್ದವು. ಅವು ಕೈಗೆಟಕುವಂತಿದ್ದಾಗ ಕವಿ ‘ದರ್ಶನೀಯ’ವೆಂಬ ಪದವನ್ನೇ ಆರಿಸಿದ್ದರೆ ಅದಕ್ಕೆ ಬೆಲೆ ಕೊಡಬೇಕಾಗುತ್ತದೆ. ಕಥೆಯ ಒಳಗಿನ ತರ್ಕವೂ ಇದನ್ನೇ ಬೆಂಬಲಿಸುತ್ತದೆ. ಈವ್ ಮೋಸಹೋಗುವುದು ಕಣ್ಣಿನಿಂದ. ಹಣ್ಣು ತಿಂದ ಬಳಿಕ ಅವಳಿಗೆ ಆಕಾಶ ಹೆಚ್ಚು ಬಿಳುಪಾಗಿ, ಲೋಕ ಹೆಚ್ಚು ಸುಂದರವಾಗಿ ತೋರುತ್ತದೆ; ಆ ತೋರಿಕೆಯೇ ದೂತ ಸತ್ಯವಂತನೆಂಬುದಕ್ಕೆ ಅವಳಿಗಿರುವ ಸಾಕ್ಷಿ. ನೋಡಲು ಯೋಗ್ಯವೆನಿಸಿದ್ದು ನಂಬಲು ಯೋಗ್ಯವಾಗಿರಲಿಲ್ಲ ಎಂಬುದು ಆ ಭಾಗದ ದುರಂತ. ಪದವನ್ನು ಬೆಳಕಿಗೆ ತಿರುಗಿಸಿದರೆ ಈ ಎಳೆ ಕಡಿದುಹೋಗುತ್ತದೆ.

ಇನ್ನೊಂದು ಸಮಾಸಪದ ‘ಆಲ್ಫ್‌ಶಿಯೆನೆ’ ಎಂಬುದು. ‘ಆಲ್ಫ್’ ಎಂದರೆ ಎಲ್ಫ್. ನಮ್ಮ ಯಕ್ಷ-ಯಕ್ಷಿಯರನ್ನು ಹೋಲುವ, ಮನುಷ್ಯರಿಗೆ ಮೋಹವನ್ನೂ ರೋಗವನ್ನೂ ತರಬಲ್ಲ ಒಂದು ವರ್ಗ. ಈ ಸಮಾಸ ಉಳಿದಿರುವ ಹಳೆಯ ಇಂಗ್ಲಿಷ್ ಕಾವ್ಯದಲ್ಲಿ ಮೂರೇ ಬಾರಿ ಸಿಗುತ್ತದೆ. ‘ಜೂಡಿತ್’ ಕಾವ್ಯದ ನಾಯಕಿಗೆ ಒಮ್ಮೆ, ‘ಜೆನೆಸಿಸ್’ನ ಮೊದಲ ಭಾಗದಲ್ಲಿ ಅಬ್ರಹಾಮನ ಹೆಂಡತಿ ಸಾರಾಳಿಗೆ ಎರಡು ಬಾರಿ. ಬಾಸ್ವರ್ತ್ ಮತ್ತು ಟಾಲರ್ ಅವರ ಪ್ರಸಿದ್ಧ ಆಂಗ್ಲೋ-ಸ್ಯಾಕ್ಸನ್ ನಿಘಂಟು ಇದಕ್ಕೆ ಎಲ್ಫಿನಂತೆ ಹೊಳೆಯುವ ಎಂಬ ಅರ್ಥವನ್ನು ಮೊದಲು ಕೊಟ್ಟು, ಎಲ್ಫಿನ ಚೆಲುವುಳ್ಳ ಎಂಬುದನ್ನು ಆಮೇಲೆ ಕೊಟ್ಟಿತು. ವ್ಯುತ್ಪತ್ತಿಯ ಕ್ರಮಕ್ಕೆ ಇದು ತಲೆಕೆಳಗು. ಎಲ್ಫ್‌ಗಳನ್ನು ಕುರಿತು 2007ರಲ್ಲಿ ಪ್ರಕಟವಾದ ಅಲಾರಿಕ್ ಹಾಲ್ ಅವರ ಗ್ರಂಥ ಈ ಪದವನ್ನು ಅಪಾಯ ತರುವ, ಮರುಳುಮಾಡುವ ಸೌಂದರ್ಯದ ಹಿನ್ನೆಲೆಯಲ್ಲಿ ಚರ್ಚಿಸುತ್ತದೆ. ಸಾರಾಳ ರೂಪಕ್ಕೆ ಮರುಳಾಗಿ ಪರದೇಶದ ಅರಸ ಕೇಡಿಗೊಳಗಾಗುತ್ತಾನೆ. ಜೂಡಿತಳ ರೂಪಕ್ಕೆ ಸೋತ ಸೇನಾಪತಿ ತಲೆ ಕಳೆದುಕೊಳ್ಳುತ್ತಾನೆ. ‘ಎಲ್ಫಿನಂತೆ ಹೊಳೆಯುವವಳು’ ಎಂದರೆ ಈ ಅಪಾಯದ ಸುಳಿವು ಉಳಿಯುವುದಿಲ್ಲ. ಬೆಳಕಿನ ಅಲಂಕಾರವಷ್ಟೇ ಉಳಿಯುತ್ತದೆ.

ಹಾಗಿದ್ದರೆ ಬೆಳಕು ಎಲ್ಲಿಂದ ಬಂತು? ಹಳೆಯ ಇಂಗ್ಲಿಷ್ ಕಾಲದಲ್ಲೇ ಅದರ ಬೀಜ ಇತ್ತೆಂಬುದನ್ನು ಒಪ್ಪಬೇಕು. ಅದಕ್ಕೆ ಒಂದು ಕಾರಣ ಛಂದಸ್ಸು. ಆ ಕಾವ್ಯದ ಕಟ್ಟು ಸಾಲಿನೊಳಗಿನ ಒತ್ತುಳ್ಳ ಪದಗಳ ಆದಿವರ್ಣದ ಅನುಪ್ರಾಸದ ಮೇಲೆ ನಿಂತಿದೆ. ಸಾಮಾನ್ಯವಾಗಿ ಸಕಾರ ಯಾವ ಸಕಾರದೊಡನೆಯಾದರೂ ಪ್ರಾಸವಾಗಬಹುದು. ಆದರೆ ಬರವಣಿಗೆಯಲ್ಲಿ ಸಕಾರ-ಕಕಾರಗಳ ಜೋಡಿಯಾಗಿ ಕಾಣುವ, ಮುಂದೆ ‘ಶ’ ಎಂದಾದ ಆ ಧ್ವನಿ ತನ್ನಂಥದರೊಡನೆ ಮಾತ್ರ ಪ್ರಾಸವಾಗುತ್ತದೆ. ಪರಿಣಾಮವಾಗಿ ‘ಶಿಯೆನೆ’ ಬಂದ ಸಾಲಿನಲ್ಲಿ ಜೊತೆಗೆ ಬರಬಹುದಾದ ಪದಗಳ ಸಂಖ್ಯೆ ಬಹಳ ಕಡಿಮೆ. ಅವುಗಳಲ್ಲಿ ‘ಶೀನನ್’, ಅಂದರೆ ಹೊಳೆ ಎಂಬುದೂ, ‘ಶೀರ್’, ಅಂದರೆ ಶುಭ್ರವಾಗಿ ಬೆಳಗುವ ಎಂಬುದೂ ಸೇರಿವೆ. ದ್ವಿತೀಯಾಕ್ಷರ ಪ್ರಾಸದ ಕಟ್ಟುಪಾಡು ಹಳಗನ್ನಡ ಕವಿಗಳ ಪದಗಳನ್ನು ಗುಂಪುಗುಂಪಾಗಿ ಒಟ್ಟಿಗೆ ತಂದು ಕೂರಿಸಿದ ಬಗೆಯನ್ನು ಬಲ್ಲವರಿಗೆ ಇದರ ಬಲ ತಿಳಿಯದಿರದು. ನೂರಾರು ವರ್ಷ ಒಂದೇ ಸಾಲಿನಲ್ಲಿ ಅಕ್ಕಪಕ್ಕ ಕುಳಿತ ಪದಗಳು ಒಂದರ ಬಣ್ಣವನ್ನು ಮತ್ತೊಂದಕ್ಕೆ ಮೆತ್ತುತ್ತವೆ.

ಇಲ್ಲೊಂದು ವ್ಯಂಗ್ಯವಿದೆ. ‘ಶೈನ್’ ಎಂಬುದರ ನಿಜವಾದ ರಕ್ತಸಂಬಂಧಿ ‘ಶೀನ್’ ಅಲ್ಲ, ‘ಶಿಯರ್’ ಎಂಬ ಇಂದಿನ ಪದದ ಬಳಗ. ಆ ‘ಶಿಯರ್’ ಮಾತ್ರ ಬೆಳಕನ್ನು ಸಂಪೂರ್ಣವಾಗಿ ಬಿಟ್ಟು ‘ಪಾರದರ್ಶಕ’, ‘ಬರೀ’, ‘ಕಡಿದಾದ’ ಎಂಬ ಅರ್ಥಗಳಿಗೆ ಹೊರಟುಹೋಯಿತು. ಸಂಬಂಧವಿಲ್ಲದ ‘ಶೀನ್’ ಅದರ ಮನೆಯನ್ನು ಹೊಕ್ಕಿತು.

ಮಧ್ಯಕಾಲೀನ ಇಂಗ್ಲಿಷಿನಲ್ಲಿ ಈ ಗುಣವಾಚಕ ಸಮೃದ್ಧವಾಗಿ ಬಳಕೆಯಲ್ಲಿತ್ತು. ಆ ಕಾಲದಲ್ಲಿ ಅದು ಎರಡು ಅರ್ಥಗಳನ್ನೂ ಸಮತೂಕದಲ್ಲಿ ಹೊತ್ತಿರುವುದನ್ನು ಚಾಸರನಲ್ಲಿ ಕಾಣಬಹುದು. ‘ಕ್ಯಾಂಟರ್‌ಬರಿ ಕಥೆಗಳು’ ಸಂಕಲನದ ನೈಟ್ ಹೇಳುವ ಕಥೆಯಲ್ಲಿ ಎಮಿಲಿ ತೋಟದಲ್ಲಿ ವಿಹರಿಸುವ ಸನ್ನಿವೇಶವಿದೆ. ಸೆರೆಮನೆಯ ಗೋಪುರದಿಂದ ಇಬ್ಬರು ಬಂಧುಗಳು ಅವಳನ್ನು ಕಂಡು ಬಾಳಿಡೀ ವೈರಿಗಳಾಗುತ್ತಾರೆ. ಅಲ್ಲಿ ಅವಳ ಹೆಸರಿಗೆ ಬಿರುದಿನಂತೆ ಈ ಪದ ಹತ್ತಿಕೊಂಡು ಬರುತ್ತದೆ. ತೋಟದ ಹಸಿರನ್ನು ಹೇಳುವ ಪದಕ್ಕೆ ಅದು ಅಂತ್ಯಪ್ರಾಸ. ಅಲ್ಲಿ ‘ಚೆಲುವೆ’ ಎಂಬುದೇ ಸರಿಯಾದ ಅರ್ಥ. ಗೋಪುರದ ಕಿಂಡಿಯಿಂದ ಕಣ್ಣಿಗೆ ಬಿದ್ದವಳೆಂಬ ಕಾರಣದಿಂದ ‘ದರ್ಶನೀಯೆ’ ಎಂಬ ಮೂಲಾರ್ಥವೂ, ಚಾಸರನಿಗೆ ತಿಳಿಯದೆಯೇ, ಹೊಂದುತ್ತದೆ. ಅದೇ ಚಾಸರ್ ‘ಹಕ್ಕಿಗಳ ಸಭೆ’ ಎಂದು ಕನ್ನಡಿಸಬಹುದಾದ ಕಾವ್ಯದಲ್ಲಿ ಪ್ರಕೃತಿದೇವಿಯನ್ನು ವರ್ಣಿಸುತ್ತ, ಬೇಸಗೆಯ ಸೂರ್ಯ ನಕ್ಷತ್ರವನ್ನು ಬೆಳಕಿನಲ್ಲಿ ಮೀರಿಸುವಂತೆ ಅವಳು ಚೆಲುವಿನಲ್ಲಿ ಎಲ್ಲರನ್ನೂ ಮೀರಿಸಿದ್ದಳು ಎನ್ನುತ್ತಾನೆ. ಇಲ್ಲಿ ನಮ್ಮ ಗುಣವಾಚಕ ಅಂಟಿರುವುದು ದೇವಿಗಲ್ಲ, ಸೂರ್ಯನಿಗೆ. ಒಂದೇ ಉಪಮೆಯ ಒಂದು ಕಡೆ ಬೆಳಕು, ಮತ್ತೊಂದು ಕಡೆ ಚೆಲುವು. ಪದ ಬೆಳಕಿನ ಕಡೆಗೆ ವಾಲಿದೆ. ಪಲ್ಲಟ ನಡೆಯುತ್ತಿರುವ ಸ್ಥಳವನ್ನೇ ಬೆರಳಿಟ್ಟು ತೋರಿಸಬೇಕಾದರೆ ಇದಕ್ಕಿಂತ ಉತ್ತಮವಾದ ಉದಾಹರಣೆ ಸಿಗುವುದು ಕಷ್ಟ.

ಅದೇ 14ನೆಯ ಶತಮಾನದ ಉತ್ತರಾರ್ಧದ ‘ಸರ್ ಗವೇನ್ ಮತ್ತು ಹಸಿರು ನೈಟ್’ ಕಾವ್ಯದಲ್ಲಿ ಈ ಗುಣವಾಚಕ ಒಂದು ಕಡೆ ನಾಮಪದದ ಸ್ಥಾನದಲ್ಲಿ ನಿಲ್ಲುತ್ತದೆ. ಗವೇನನ ಕೊರಳಿಗೆ ಎತ್ತಿದ ಕೊಡಲಿಯನ್ನು ಹಸಿರು ನೈಟ್ ತಟ್ಟನೆ ತಡೆದು ಹಿಡಿಯುತ್ತಾನೆ; ಕವಿ ‘ಕೊಡಲಿ’ ಎನ್ನದೆ ಬರಿಯ ವಿಶೇಷಣವನ್ನು ಹೇಳಿ ‘ಆ ಹೊಳೆವುದನ್ನು’ ತಡೆದ ಎನ್ನುತ್ತಾನೆ. ಅಲ್ಲಿಯೂ ಆದಿಪ್ರಾಸದ ಒತ್ತಾಯವೇ ಪದವನ್ನು ತಂದಿದೆ. 15ನೆಯ ಶತಮಾನದ ಹಸ್ತಪ್ರತಿಯಲ್ಲಿ ಉಳಿದಿರುವ ರಾಬಿನ್ ಹುಡ್ ಲಾವಣಿಯೊಂದು ಬೇಸಗೆಯ ಕಾಡುತೋಪುಗಳನ್ನು ಇದೇ ಪದದಿಂದ ವರ್ಣಿಸುತ್ತ ಆರಂಭವಾಗುತ್ತದೆ. ತೋಪು ಚೆಲುವಾಗಿತ್ತೇ, ಬಿಸಿಲಿಗೆ ಮಿನುಗುತ್ತಿತ್ತೇ ಎಂದು ಅಲ್ಲಿ ಕೇಳುವುದರಲ್ಲಿ ಅರ್ಥವಿಲ್ಲ. ಲಾವಣಿಗಾರನಿಗೆ ಎರಡೂ ಒಂದೇ ಆಗಿದ್ದವು.

ಇನ್ನು ಉಚ್ಚಾರಣೆಯ ವಿಚಾರ. ಚಾಸರನ ಕಾಲದಲ್ಲಿ ನಮ್ಮ ಗುಣವಾಚಕವನ್ನು ‘ಶೇನೆ’ ಎಂದೂ, ‘ಹೊಳೆ’ ಎಂಬ ಕ್ರಿಯಾಪದವನ್ನು ‘ಶೀನೆನ್’ ಎಂದೂ ಉಚ್ಚರಿಸುತ್ತಿದ್ದರು. ಮುಂದೆ ಪದಾಂತ್ಯದ ಸ್ವರಗಳು ಬಿದ್ದುಹೋದವು. ಸುಮಾರು 1400ರಿಂದ 1700ರವರೆಗಿನ ಅವಧಿಯಲ್ಲಿ ಇಂಗ್ಲಿಷಿನ ದೀರ್ಘಸ್ವರಗಳೆಲ್ಲ ಸ್ಥಾನಪಲ್ಲಟಗೊಂಡವು. ಏಕಾರ ಈಕಾರವಾಯಿತು, ಈಕಾರ ಐಕಾರವಾಯಿತು. ಅದರಿಂದ ‘ಶೇನ್’ ಎಂಬುದು ‘ಶೀನ್’ ಆಯಿತು, ‘ಶೀನ್’ ಎಂಬುದು ‘ಶೈನ್’ ಆಯಿತು. ಅಂದರೆ ಗುಣವಾಚಕದ ಇಂದಿನ ಉಚ್ಚಾರಣೆ ಒಂದು ಕಾಲದಲ್ಲಿ ಕ್ರಿಯಾಪದದ ಉಚ್ಚಾರಣೆಯಾಗಿತ್ತು. ಇಂಗ್ಲಿಷಿನ ಕಾಗುಣಿತಕ್ಕಿಂತ ಕನ್ನಡ ಲಿಪಿಯಲ್ಲಿ ಬರೆದಾಗಲೇ ಈ ಪಲ್ಲಟ ಹೆಚ್ಚು ಸ್ಪಷ್ಟವಾಗಿ ಕಾಣುತ್ತದೆ. ಯಿಡ್ಡಿಷ್ ಭಾಷೆಯಲ್ಲಿ ‘ಸುಂದರ’ ಎಂಬುದಕ್ಕೆ ಇಂದಿಗೂ ‘ಶೇನ್’ ಎನ್ನುತ್ತಾರೆ. 1932ರ ಯಿಡ್ಡಿಷ್ ರಂಗಗೀತೆಯೊಂದು 1937ರಲ್ಲಿ ಆಂಡ್ರ್ಯೂಸ್ ಸಹೋದರಿಯರ ಧ್ವನಿಮುದ್ರಣದಿಂದ ಅಮೆರಿಕದಲ್ಲೆಲ್ಲ ಮನೆಮಾತಾದಾಗ, ಚಾಸರನ ಕಿವಿಗೆ ಪರಿಚಿತವಾಗಬಹುದಾಗಿದ್ದ ರೂಪವನ್ನು ಇಂಗ್ಲಿಷ್ ಮಾತಾಡುವ ಜನ ಅದು ತಮ್ಮದೇ ಹಳೆಯ ಪದದ ಬಂಧುವೆಂದು ಅರಿಯದೆ ಹಾಡಿದರು.

16ನೆಯ ಶತಮಾನದ ಹೊತ್ತಿಗೆ ಪದ ಮಾತಿನಿಂದ ಜಾರಿ ಪದ್ಯದಲ್ಲಿ ಮಾತ್ರ ಉಳಿಯತೊಡಗಿತು. ಅದನ್ನು ಉಳಿಸಿದ್ದು ಬಹುಮಟ್ಟಿಗೆ ಅಂತ್ಯಪ್ರಾಸ. ಹಸಿರು, ರಾಣಿ, ಕಂಡ, ನಡುವೆ, ಹರಿತ ಎಂಬರ್ಥದ ಇಂಗ್ಲಿಷ್ ಪದಗಳೆಲ್ಲ ಇದರೊಡನೆ ಪ್ರಾಸವಾಗುತ್ತವೆ. ಇಷ್ಟು ಉಪಯುಕ್ತವಾದ ಪದವನ್ನು ಪದ್ಯಕಾರರು ಬಿಟ್ಟುಕೊಡಲಾರರು. 1590ರಲ್ಲಿ ಮೊದಲ ಭಾಗ ಪ್ರಕಟವಾದ ‘ಫೇರಿ ಕ್ವೀನ್’ ಕಾವ್ಯದಲ್ಲಿ ಎಡ್ಮಂಡ್ ಸ್ಪೆನ್ಸರ್ ಬೇಕೆಂದೇ ಹಳೆಯ ಪದಗಳನ್ನು ಹೆಕ್ಕಿ ತಂದ. ಅವನ ಕೈಯಲ್ಲಿ ಈ ಗುಣವಾಚಕ ಹೆಣ್ಣಿನ ಕೋಮಲ ದೇಹವನ್ನು ವರ್ಣಿಸುತ್ತದೆ. ಪಕ್ಕದಲ್ಲಿ ‘ಸುಂದರ’ ಎಂಬರ್ಥದ ಇನ್ನೊಂದು ಸಾಮಾನ್ಯ ಪದ ಬರುತ್ತದೆ. ಜೋಡಿಪದವಾಗಿ ಬಂದಾಗ ಎರಡನೆಯದಕ್ಕೆ ಮೊದಲನೆಯದರದೇ ಅರ್ಥವಿದೆಯೋ, ಬೇರೆಯೋ ಎಂದು ಓದುಗ ಊಹಿಸಬೇಕಾಗುತ್ತದೆ. ಪದದ ನಿಜಾರ್ಥ ಮರೆತವನು ‘ಸುಂದರ’ ಎಂಬುದು ಹೇಗೂ ಬಂದಾಗಿದೆ, ಎರಡನೆಯದು ‘ಕಾಂತಿಯುತ’ ಎಂದೇ ಇರಬೇಕು ಎಂದು ತೀರ್ಮಾನಿಸುವುದು ಸಹಜ.

ಗುಣವಾಚಕ ನಾಮಪದವಾದ ಘಟ್ಟವನ್ನು ಷೇಕ್ಸ್‌ಪಿಯರನಲ್ಲಿ ಗುರುತಿಸಬಹುದು. 1600ರಲ್ಲಿ ಮುದ್ರಣಗೊಂಡ ‘ಎ ಮಿಡ್‌ಸಮ್ಮರ್ ನೈಟ್ಸ್ ಡ್ರೀಮ್’ ನಾಟಕದ ಎರಡನೆಯ ಅಂಕದಲ್ಲಿ ಪಕ್ ಯಕ್ಷರಾಜ-ರಾಣಿಯರ ಜಗಳವನ್ನು ವಿವರಿಸುತ್ತಾನೆ. ಅವರು ಎಲ್ಲೆಲ್ಲಿ ಭೇಟಿಯಾದರೂ ಕಲಹವೇ ಎನ್ನುವಾಗ ಚಿಲುಮೆಯನ್ನೂ ನಕ್ಷತ್ರಗಳ ಬೆಳಕನ್ನೂ ಹೆಸರಿಸುತ್ತಾನೆ. ಚಿಲುಮೆ ಎಂಬ ನಾಮಪದದ ನಂತರ ‘ತಿಳಿಯಾದ’ ಎಂಬ ಗುಣವಾಚಕ ಬಂದಿದೆ. ಇಂಗ್ಲಿಷ್ ಪದ್ಯದಲ್ಲಿ ಹೀಗೆ ವಿಶೇಷಣ ಹಿಂದೆ ಬರುವುದುಂಟು. ಅದಕ್ಕೆ ಸರಿಜೋಡಿಯಾಗಿ ನಕ್ಷತ್ರಪ್ರಕಾಶ ಎಂಬುದರ ನಂತರ ‘ಶೀನ್’ ಬಂದಿದೆ. ಜೋಡಿಯ ತರ್ಕವನ್ನು ಅನುಸರಿಸಿದರೆ ಇದು ಹಿಂದೆ ಬಂದ ಗುಣವಾಚಕ. ಸಾಲನ್ನು ಮಾತ್ರ ನೋಡಿದರೆ ‘ನಕ್ಷತ್ರಗಳ ಹೊಳಪು’ ಎಂಬ ನಾಮಪದವಾಗಿಯೂ ಓದಬಹುದು. ಆಧುನಿಕ ಓದುಗರೆಲ್ಲ ಎರಡನೆಯ ರೀತಿಯಲ್ಲೇ ಓದುತ್ತಾರೆ. ಮೊದಲನೆಯದು ವಾಕ್ಯದ ಹೆಣಿಗೆಗೆ ಹೆಚ್ಚು ಹೊಂದುತ್ತದೆಂದು ತೋರುತ್ತದೆ. ಇದಾದ ಕೆಲವೇ ವರ್ಷಗಳಲ್ಲಿ ಬಂದ ‘ಹ್ಯಾಮ್ಲೆಟ್’ನಲ್ಲಿ ಸಂದೇಹಕ್ಕೆ ಎಡೆಯಿಲ್ಲ. ನಾಟಕದೊಳಗಿನ ನಾಟಕದ ರಾಜ, ಚಂದ್ರ ಎರವಲು ಪಡೆದ ಬೆಳಕನ್ನು ಈ ಪದದಿಂದಲೇ ಹೇಳುತ್ತಾನೆ. ಅಲ್ಲಿ ಅದು ಸ್ಫುಟವಾಗಿ ನಾಮಪದ. ಮಿಲ್ಟನ್ ಕ್ರಿಸ್ತನ ಜನ್ಮದಿನವನ್ನು ಕುರಿತು 1629ರಲ್ಲಿ ಬರೆದ ಗೀತೆಯಲ್ಲೂ ಅದು ದಿವ್ಯಪ್ರಭೆ ಎಂಬರ್ಥದ ನಾಮಪದವಾಗಿದೆ. ಅದೇ ಮಿಲ್ಟನ್ ಆಕಾಶವನ್ನು ವರ್ಣಿಸಲು ಈ ನಾಮಪದಕ್ಕೆ ಪ್ರತ್ಯಯ ಹಚ್ಚಿದ ‘ಶೀನಿ’ ಎಂಬ ಗುಣವಾಚಕವನ್ನೂ ಬಳಸಿದ. ಹಳೆಯ ಗುಣವಾಚಕ ಸತ್ತಿತ್ತೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ. ಬದುಕಿದ್ದಿದ್ದರೆ ಹೊಸದನ್ನು ಕಟ್ಟುವ ಅಗತ್ಯವಿರುತ್ತಿರಲಿಲ್ಲ.

1755ರ ತನ್ನ ನಿಘಂಟಿನಲ್ಲಿ ಸ್ಯಾಮ್ಯುಯೆಲ್ ಜಾನ್ಸನ್ ‘ಶೀನ್’ ಮತ್ತು ‘ಶೀನಿ’ ಎರಡನ್ನೂ ಒಂದೇ ಕಡೆ ಕೊಟ್ಟು, ಇದು ಬಹುಶಃ ‘ಶೈನ್’ ಎಂಬುದರ ಹಳೆಯ ಉಚ್ಚಾರಣೆಯಷ್ಟೇ ಎಂದು ಊಹಿಸಿದ. ಈ ಊಹೆಯಲ್ಲಿ ಸತ್ಯ ಮತ್ತು ತಪ್ಪು ವಿಚಿತ್ರವಾಗಿ ಬೆರೆತಿವೆ. ಮೇಲೆ ಹೇಳಿದಂತೆ ‘ಶೈನ್’ ಎಂಬುದನ್ನು ಒಂದು ಕಾಲದಲ್ಲಿ ಈಕಾರದಿಂದಲೇ ಉಚ್ಚರಿಸುತ್ತಿದ್ದುದು ನಿಜ. ಆದರೆ ನಮ್ಮ ಪದ ಅದಲ್ಲ. ಜಾನ್ಸನನನ್ನು ದೂರುವುದು ಸಲ್ಲದು. ಭಾಷೆಗಳ ಬಾಂಧವ್ಯವನ್ನು ಕುರಿತ ಸರ್ ವಿಲಿಯಂ ಜೋನ್ಸರ ಕಲ್ಕತ್ತೆಯ ಉಪನ್ಯಾಸ ನಡೆದದ್ದು 1786ರಲ್ಲಿ, ಜಾನ್ಸನ್ ತೀರಿಕೊಂಡ ಎರಡು ವರ್ಷಗಳ ಬಳಿಕ. ಜೋನ್ಸರು ಲಂಡನ್ನಿನಲ್ಲಿ ಜಾನ್ಸನನ ಗೆಳೆಯರ ಕೂಟದವರೇ ಆಗಿದ್ದರು ಎಂಬುದು ಬೇರೆ ಮಾತು. ಯಾಕೋಬ್ ಗ್ರಿಮ್ ಜರ್ಮಾನಿಕ್ ಧ್ವನಿನಿಯಮಗಳನ್ನು ಕ್ರಮಬದ್ಧವಾಗಿ ಮಂಡಿಸಿದ್ದು 1822ರಲ್ಲಿ. ಆ ನಿಯಮಗಳ ಬೆಂಬಲವಿಲ್ಲದೆ ಕಿವಿಯನ್ನು ಮಾತ್ರ ನಂಬಿದವನಿಗೆ ‘ಶೀನ್’ ಮತ್ತು ‘ಶೈನ್’ ಒಂದೇ ಎನಿಸದೆ ಇರದು.

ಕಿವಿಯನ್ನು ನಂಬಿ ಮಾಡಿದ ಇನ್ನೊಂದು ವ್ಯುತ್ಪತ್ತಿ ಸ್ಥಳನಾಮದ್ದು. ಥೇಮ್ಸ್ ನದಿಯ ದಡದ ರಿಚ್‌ಮಂಡ್ ಊರಿಗೆ ಮೊದಲು ಶೀನ್ ಎಂದೇ ಹೆಸರಿತ್ತು. ಮೂರನೆಯ ಎಡ್ವರ್ಡ್ ದೊರೆ 1377ರಲ್ಲಿ ತೀರಿಕೊ​ಂಡದ್ದು ಅಲ್ಲಿನ ಅರಮನೆಯಲ್ಲಿ. 1497ರಲ್ಲಿ ಆ ಅರಮನೆ ಬೆಂಕಿಗೆ ಆಹುತಿಯಾದ ಮೇಲೆ ಏಳನೆಯ ಹೆನ್ರಿ ಅದನ್ನು ಮತ್ತೆ ಕಟ್ಟಿಸಿ ತನ್ನ ಹಳೆಯ ಜಹಗೀರಿನ ನೆನಪಿಗೆ ರಿಚ್‌ಮಂಡ್ ಎಂದು ಕರೆದ. ಪಕ್ಕದ ಈಸ್ಟ್ ಶೀನ್ ಬಡಾವಣೆಯಲ್ಲಿ ಹಳೆಯ ಹೆಸರು ಉಳಿದುಕೊಂಡಿದೆ. ಊರು ಚೆಲುವಾಗಿತ್ತು, ಅರಮನೆ ಥಳಥಳಿಸುತ್ತಿತ್ತು, ಆದ್ದರಿಂದ ಈ ಹೆಸರು ಎಂಬ ವಿವರಣೆ ಹಳೆಯ ಸ್ಥಳವರ್ಣನೆಗಳಲ್ಲಿ ಪ್ರಚಲಿತವಾಗಿತ್ತು. ಅರಮನೆ ಏಳುವುದಕ್ಕೆ ಎಷ್ಟೋ ಮೊದಲು, 10ನೆಯ ಶತಮಾನದಲ್ಲೇ ಈ ಹೆಸರು ದಾಖಲಾಗಿದೆ; ಸ್ಥಳನಾಮ ವಿದ್ವಾಂಸರ ಪ್ರಕಾರ ಅದರ ಅರ್ಥ ‘ಗುಡಿಸಲುಗಳು, ಆಸರೆಯ ಮಾಡುಗಳು’ ಎಂದು. ನಮ್ಮ ಗುಣವಾಚಕಕ್ಕೂ ಅದಕ್ಕೂ ನಂಟಿಲ್ಲ. ಕರ್ನಾಟಕದ ಸ್ಥಳನಾಮ ಸಂಶೋಧನೆಯಲ್ಲಿ ತೊಡಗಿದವರಿಗೆ ಅರಮನೆಯ ಕಥೆಯ ಅಡಿಯಲ್ಲಿ ಗುಡಿಸಲು ಸಿಗುವ ಅನುಭವ ಹೊಸದೇನಲ್ಲ.

ಗುಣವಾಚಕಕ್ಕೆ ಮರುಜೀವ ಬಂದದ್ದು ರೊಮ್ಯಾಂಟಿಕ್ ಯುಗದಲ್ಲಿ, ಅದೂ ಅರೆಮನಸ್ಸಿನಿಂದ. 1798ರ ‘ಲಿರಿಕಲ್ ಬ್ಯಾಲಡ್ಸ್’ ಸಂಕಲನದಲ್ಲಿ ಕೋಲ್‌ರಿಜ್ ತನ್ನ ಮುದುಕ ನಾವಿಕನ ಕಥನಗೀತೆಯನ್ನು ಹಳೆಯ ಲಾವಣಿಗಳ ವೇಷದಲ್ಲಿ ಪ್ರಕಟಿಸಿದ. 1800ರ ಆವೃತ್ತಿಯಲ್ಲಿ ಆ ಹಳೆಯ ವೇಷವನ್ನು ಬಹುಮಟ್ಟಿಗೆ ಕಳಚಿದರೂ ಈ ಪದವನ್ನು ಬಿಡಲಿಲ್ಲ. ಆಕಾಶದಲ್ಲಿ ಬೆಂಕಿಯ ಬಾವುಟಗಳು ನೂರಾರಾಗಿ ಅತ್ತಿತ್ತ ಹಾರಾಡುವ ಸನ್ನಿವೇಶದಲ್ಲಿ, ಧ್ರುವಪ್ರಭೆಯನ್ನು ನೆನಪಿಸುವ ಆ ಜ್ವಾಲೆಗಳಿಗೆ ಹಿಂದೆ ಬಂದ ವಿಶೇಷಣವಾಗಿ, ‘ನಡುವೆ’ ಎಂಬರ್ಥದ ಪದಕ್ಕೆ ಪ್ರಾಸವಾಗಿ ಅದು ನಿಂತಿದೆ. ರೂಪ, ಸ್ಥಾನ, ಪ್ರಾಸ ಎಲ್ಲವೂ ಚಾಸರನ ಎಮಿಲಿಗೆ ಬಂದಂತೆಯೇ. ಅರ್ಥದಲ್ಲಿ ಮಾತ್ರ ಚೆಲುವಿನ ಲೇಶವೂ ಉಳಿದಿಲ್ಲ. ಅದು ಶುದ್ಧವಾದ ಹೊಳಪು. 1815ರಲ್ಲಿ ಬೈರನ್ ಅಸ್ಸೀರಿಯಾದ ಸೈನ್ಯದ ಈಟಿಗಳ ಹೊಳಪನ್ನು ಹೇಳುವಾಗ ಬಳಸಿದ್ದು ನಾಮಪದವನ್ನು, ಜನಪ್ರಿಯವಾದದ್ದೂ ಅದೇ. ಇಂದು ಬಣ್ಣದ ಕೈಗಾರಿಕೆಯಲ್ಲಿ ಈ ನಾಮಪದಕ್ಕೆ ನಿಖರವಾದ ಪಾರಿಭಾಷಿಕ ಅರ್ಥವಿದೆ. ಮೇಲ್ಮೈಯ ಮಿರುಗನ್ನು ಉಪಕರಣದಿಂದ ಅಳೆಯುವಾಗ ಸಾಮಾನ್ಯ ಹೊಳಪಿಗೆ 60 ಡಿಗ್ರಿಯ ಕೋನ. ಮಂದವಾದ ಮೇಲ್ಮೈಗಳ ಮೇಲೆ ಬಹುತೇಕ ಸಮಾಂತರವಾಗಿ ನೋಡಿದಾಗ ತೋರುವ ‘ಶೀನ್’ ಅಳೆಯಲು 85 ಡಿಗ್ರಿಯ ಕೋನ.

ಚೆಲುವನ್ನು ಹೇಳುವ ಪದ ಬೆಳಕಿಗೆ ಸರಿಯುವುದು ಇಂಗ್ಲಿಷಿನ ಒಂದು ಪದಕ್ಕೆ ಮಾತ್ರ ಒದಗಿದ ಅದೃಷ್ಟವಲ್ಲ. ಸಂಸ್ಕೃತದಿಂದ ಕನ್ನಡಕ್ಕೆ ಬಂದ ‘ಕಾಂತಿ’ ಶಬ್ದ ಇದೇ ದಾರಿಯಲ್ಲಿ ನಡೆದಿದೆ. ‘ಕಮ್’ ಎಂಬ ಬಯಕೆಯ ಧಾತುವಿನಿಂದ ಹುಟ್ಟಿದ ಅದರ ಮೂಲಾರ್ಥ ‘ಬಯಸತಕ್ಕ ಗುಣ, ಮನೋಹರತೆ’. ದಂಡಿ ಮೊದಲಾದವರು ಕಾವ್ಯದ ಹತ್ತು ಗುಣಗಳಲ್ಲಿ ‘ಕಾಂತಿ’ಯನ್ನು ಎಣಿಸಿದಾಗ ಅವರ ಮನಸ್ಸಿನಲ್ಲಿದ್ದದ್ದು ದೀಪದ ಬೆಳಕಲ್ಲ. ಇಂದು ಕನ್ನಡದಲ್ಲಿ ಕಾಂತಿ ಎಂದರೆ ಮೊದಲು ಹೊಳೆಯುವುದು ಬೆಳಕೇ. ಅಚ್ಚಗನ್ನಡದ ‘ಒಪ್ಪ’ ಇದಕ್ಕಿಂತಲೂ ಹತ್ತಿರದ ಹೋಲಿಕೆ. ಜರ್ಮನ್ ಮಾತೃಭಾಷೆಯ ಕಿಟ್ಟೆಲ್ 1894ರಲ್ಲಿ ಮಂಗಳೂರಿನಿಂದ ಪ್ರಕಟವಾದ ತಮ್ಮ ನಿಘಂಟಿನಲ್ಲಿ ಈ ಪದದ ಹೊಂದಿಕೆ, ಚೆಲುವು, ಮೆರುಗು ಎಂಬ ಅರ್ಥಗಳನ್ನೆಲ್ಲ ಸಂಗ್ರಹಿಸಿದ್ದಾರೆ. ಅಕ್ಕಸಾಲಿಗ ಚಿನ್ನಕ್ಕೆ ಒಪ್ಪವಿಡುತ್ತಾನೆ. ಹಳಗನ್ನಡ ಕಾವ್ಯದ ನಾಯಕಿ ಆಭರಣಗಳಿಂದ ಒಪ್ಪುತ್ತಾಳೆ. ಅಲ್ಲಿ ಮೆರುಗು ಮತ್ತು ಚೆಲುವಿನ ನಡುವೆ ಗೆರೆ ಎಳೆಯುವುದು ಸುಲಭವಲ್ಲ. ರಾಬಿನ್ ಹುಡ್ ಲಾವಣಿಗಾರನ ತೋಪು ಕನ್ನಡಕ್ಕೆ ಬಂದರೆ ಒಪ್ಪುವುದೇ ಸರಿ.

ಇಂಗ್ಲಿಷ್-ಕನ್ನಡ ನಿಘಂಟಿನಲ್ಲಿ ಈ ಗುಣವಾಚಕಕ್ಕೆ ಜಾಗ ಕೊಡುವವರು ‘ಹೊಳೆಯುವ’ ಎಂಬುದನ್ನು ಮೊದಲು ಹಾಕಿದರೆ ಕೋಲ್‌ರಿಜನ ಓದುಗನಿಗೆ ಸಹಾಯವಾದೀತು, ಚಾಸರನ ಓದುಗ ದಾರಿ ತಪ್ಪಿಯಾನು. ‘ದರ್ಶನೀಯ, ಚೆಲುವಾದ’ ಎಂಬುದು ಮೊದಲು, ‘ಮಿರುಗುವ’ ಎಂಬುದು ಅನಂತರ, ಶತಮಾನದ ಸೂಚನೆಯೊಡನೆ ಬರುವುದು ಉಚಿತ. ಎಮಿಲಿಗೆ ‘ಚೆಲುವೆ’ ಸಾಕು. ಗವೇನನ ಕೊರಳ ಮೇಲೆ ಎತ್ತಿದ ಕೊಡಲಿಗೂ ನಾವಿಕ ಕಂಡ ಬೆಂಕಿಯ ಬಾವುಟಗಳಿಗೂ ‘ಮಿರುಗುವ’ ಎಂಬುದೇ ಬೇಕು. ಈವ್ ಕಂಡ ದೂತನಿಗೆ ಕನ್ನಡದಲ್ಲಿ ಪದ ಹುಡುಕುವವರು ಹಳೆಯ ಅರ್ಥದ ‘ಒಪ್ಪುವ’ ಎಂಬುದನ್ನು ಪರಿಶೀಲಿಸಬಹುದು. ಅವನು ಕಣ್ಣಿಗೆ ಒಪ್ಪಿದನೆಂಬುದೂ, ಅವಳು ಅವನ ಮಾತಿಗೆ ಒಪ್ಪಿದಳೆಂಬುದೂ ಅಲ್ಲಿ ಒಂದೇ ಧಾತುವಿನಲ್ಲಿ ನಿಲ್ಲುತ್ತವೆ.